ಬಾಣಂತನಕ್ಕೆ ಮಗಳು ಬರುತ್ತಿದ್ದಾಳೆ, ಮನೆಯಲ್ಲಿರುವ ನಾಯಿಯನ್ನು ಏನು ಮಾಡಲಿ?

ಪ್ರಶ್ನೆ: ನಮ್ಮದು ದಾವಣಗೆರೆ. ಮನೆಯಲ್ಲಿ ಆರು ವರ್ಷದ ನಾಟಿ ಗಂಡು ನಾಯಿ ಇದೆ, ಹೆಸರು ಕರಿಯ. ಮಗಳು ಕಾಲೇಜಿಗೆ ಹೋಗುವಾಗ ಬೀದಿಯಿಂದ ಮರಿ ಎತ್ತಿಕೊಂಡು ಬಂದು ಸಾಕಿದ್ದು. ಅವಳಿಗೆ ಮದುವೆಯಾಗಿ ಎರಡು ವರ್ಷವಾಯಿತು. ಈಗ ಏಳು ತಿಂಗಳು ತುಂಬಿದೆ, ಮುಂದಿನ ವಾರ ಹೆರಿಗೆಗೆ ನಮ್ಮಲ್ಲಿಗೆ ಬರುತ್ತಾಳೆ. ಕರಿಯ ಇದುವರೆಗೆ ಯಾರನ್ನೂ ಕಚ್ಚಿಲ್ಲ. ಆದರೆ ಹೊಸಬರನ್ನು ಕಂಡರೆ ತುಂಬಾ ಬೊಗಳುತ್ತಾನೆ. ಅಳಿಯಂದಿರು ಬಂದಾಗಲೆಲ್ಲ ಹಿತ್ತಲಲ್ಲಿ ಕಟ್ಟಿಹಾಕುತ್ತೇವೆ. ಪಕ್ಕದ ಮನೆಯ ಮಗು ಅತ್ತರೆ ಎದ್ದು ಓಡಾಡುತ್ತಾನೆ. ‘ನಾಯಿ ಇರುವ ಮನೆಯಲ್ಲಿ ಬಾಣಂತನ ಬೇಡ, ಅದನ್ನು ಎಲ್ಲಾದರೂ ಬಿಟ್ಟು ಬನ್ನಿ’ ಎಂದು ಬೀಗರು ಹೇಳುತ್ತಿದ್ದಾರೆ. ಮಗಳು ಫೋನಿನಲ್ಲಿ ಅಳುತ್ತಾಳೆ. ನಮ್ಮ ಯಜಮಾನರು ಏನೂ ಮಾತಾಡುತ್ತಿಲ್ಲ. ನಾಯಿಯನ್ನು ಇಟ್ಟುಕೊಂಡೇ ಬಾಣಂತನ ಮಾಡಬಹುದಾ ಡಾಕ್ಟ್ರೇ?

ಉತ್ತರ: ಮಾಡಬಹುದು. ಆರು ವರ್ಷದಲ್ಲಿ ಒಮ್ಮೆಯೂ ಕಚ್ಚದ ನಾಯಿ, ಅದನ್ನು ಚೆನ್ನಾಗಿ ಬಲ್ಲ ಮಗಳು, ಕೈಯಲ್ಲಿ ಇನ್ನೂ ಸುಮಾರು ಎರಡು ತಿಂಗಳು. ಇಷ್ಟಿರುವಾಗ ಬಿಟ್ಟು ಬನ್ನಿ ಎಂದು ನಾನು ಹೇಳುವುದಿಲ್ಲ. ಹಾಗಂತ ‘ಏನೂ ಆಗಲ್ಲ ಬಿಡಿ, ನಾಯಿಗೆ ಎಲ್ಲ ಗೊತ್ತಾಗುತ್ತೆ’ ಎಂದೂ ಹೇಳುವುದಿಲ್ಲ. ಕರಿಯನಿಗೆ ತಾನಾಗಿ ಗೊತ್ತಾಗುವುದಿಲ್ಲ. ನೀವು ಕಲಿಸಬೇಕು, ಮತ್ತು ಅದನ್ನು ಮಗು ಬಂದ ಮೇಲೆ ಶುರು ಮಾಡಿದರೆ ತಡವಾಗುತ್ತದೆ.

ಬಿಟ್ಟು ಬರುವ ಮಾತನ್ನು ಮೊದಲೇ ಮುಗಿಸಿಬಿಡುತ್ತೇನೆ. ಮನೆಯಲ್ಲಿ ಬೆಳೆದ ನಾಯಿಯನ್ನು ಊರಾಚೆಯೋ ಹೈವೇ ಪಕ್ಕವೋ ಬಿಟ್ಟರೆ ಅದು ಬದುಕುವುದು ಕಷ್ಟ. ಅಲ್ಲಿ ಆಗಲೇ ಇರುವ ನಾಯಿಗಳು ಹೊಸದನ್ನು ಸುಲಭವಾಗಿ ಸೇರಿಸಿಕೊಳ್ಳುವುದಿಲ್ಲ, ಕಚ್ಚಿ ಓಡಿಸುತ್ತವೆ. ಓಡುವ ನಾಯಿ ಗಾಡಿಗೆ ಸಿಗುತ್ತದೆ. ಕಾನೂನಿನಲ್ಲೂ ಇದು ತಪ್ಪು. ಸರಿಯಾದ ಕಾರಣವಿಲ್ಲದೆ, ಹಸಿವು ಬಾಯಾರಿಕೆಯಿಂದ ನರಳುವ ಹಾಗೆ ಪ್ರಾಣಿಯನ್ನು ಬಿಟ್ಟುಬರುವುದು 1960ರ ಪ್ರಾಣಿ ಹಿಂಸೆ ತಡೆ ಕಾಯ್ದೆಯ 11ನೇ ಸೆಕ್ಷನ್ ಪ್ರಕಾರ ಅಪರಾಧ.

ಆದರೆ ಬೀಗರ ಹತ್ತಿರ ಕಾನೂನು ಮಾತಾಡಬೇಡಿ. ಅವರ ಭಯ ಸುಳ್ಳಲ್ಲ. ಕಚ್ಚುವುದು ಬೀದಿ ನಾಯಿ ಮಾತ್ರ ಅಂತೇನಿಲ್ಲ, ಗೊತ್ತಿರುವ ಸಾಕುನಾಯಿಯೂ ಮನೆಯೊಳಗೇ ಚಿಕ್ಕ ಮಗುವನ್ನು ಕಚ್ಚಬಹುದು. ಮೊಮ್ಮಗುವಿನ ಬಗ್ಗೆ ಅವರಿಗೆ ಆತಂಕ ಆಗುವುದು ಸಹಜ. ಅವರಿಗೆ ವಾದಕ್ಕಿಂತ ಕಣ್ಣಿಗೆ ಕಾಣುವ ವ್ಯವಸ್ಥೆ ಬೇಕು. ಮನೆಗೆ ಕರೆದು ಬಾಣಂತಿ ಕೋಣೆಗೆ ಹಾಕಿಸಿದ ಜಾಲರಿ ಬಾಗಿಲು ತೋರಿಸಿ, ಕರಿಯನ ಲಸಿಕೆ ಪುಸ್ತಕ ತೋರಿಸಿ, ಅವನು ಹೇಳಿದ ಜಾಗದಲ್ಲಿ ಹೋಗಿ ಮಲಗುವುದನ್ನು ತೋರಿಸಿ. ಈ ಮೂರಕ್ಕೂ ಈ ವಾರವೇ ಕೈ ಹಾಕಬೇಕು.

ಲಸಿಕೆಯಿಂದ ಶುರು ಮಾಡಿ. ರೇಬಿಸ್ ಚುಚ್ಚುಮದ್ದು ವರ್ಷಕ್ಕೊಮ್ಮೆ ಆಗಿರಬೇಕು. ಇಲಿಜ್ವರದ ರಕ್ಷಣೆಯೂ ಇರುವ ಕಂಬೈಂಡ್ ಲಸಿಕೆ ಆಗಿದೆಯಾ ನೋಡಿಸಿ. ಮೂರು ತಿಂಗಳಿಗೊಮ್ಮೆ ಜಂತುಹುಳುವಿನ ಮಾತ್ರೆ ತಪ್ಪಿಸಬೇಡಿ, ಏಕೆಂದರೆ ನಾಯಿಯ ದುಂಡು ಹುಳುವಿನ ಮೊಟ್ಟೆ ಮಣ್ಣಿನ ಮೂಲಕ ಮಕ್ಕಳ ಹೊಟ್ಟೆ ಸೇರಬಲ್ಲದು. ಉಣ್ಣೆ, ಚಿಗಟ ಇದ್ದರೆ ಈಗಲೇ ಔಷಧ ಹಾಕಿಸಿ. ಉಗುರು ಕತ್ತರಿಸಿ. ಇನ್ನೊಂದು ವಿಷಯ ನೀವೇ ಬಾಯಿಬಿಟ್ಟು ಹೇಳಿ ಪರೀಕ್ಷೆ ಮಾಡಿಸಬೇಕು: ಕರಿಯನ ಕಿವಿ, ಹಲ್ಲು, ಸೊಂಟ. ಆರು ವರ್ಷದ ನಾಯಿಗೆ ಎಲ್ಲೋ ನೋವಿದ್ದು ನಮಗೆ ಗೊತ್ತೇ ಆಗದಿರುವುದು ತುಂಬಾ ಸಾಮಾನ್ಯ. ನೋವಿರುವ ಕಿವಿಯನ್ನು ದೊಡ್ಡವರು ಮುಟ್ಟಿದರೆ ತಲೆ ಸರಿಸಿಕೊಂಡು ಹೋಗುವ ನಾಯಿ, ಮಗು ಹಿಡಿದೆಳೆದರೆ ಅಷ್ಟಕ್ಕೇ ನಿಲ್ಲುವುದಿಲ್ಲ.

ಇನ್ನು ಮುಖ್ಯ ಮಾತು. ಮನೆಗೆ ಮಗು ಬಂದಾಗ ನಾಯಿ ಕೆಡುವುದಕ್ಕೆ ಮಗು ಕಾರಣ ಅಂತ ನಾವು ಅಂದುಕೊಳ್ಳುತ್ತೇವೆ. ಹೊಟ್ಟೆಕಿಚ್ಚು ಅಂತ ಹೆಸರೂ ಇಡುತ್ತೇವೆ. ಅದು ಪೂರ್ತಿ ತಪ್ಪೇನಲ್ಲ. 2014ರಲ್ಲಿ ಅಮೆರಿಕದ ಸ್ಯಾನ್ ಡಿಯಾಗೊದಲ್ಲಿ 36 ನಾಯಿಗಳ ಮೇಲೆ ಒಂದು ಪ್ರಯೋಗ ನಡೆಯಿತು. ಯಜಮಾನರು ತಮ್ಮ ನಾಯಿಯನ್ನು ಬಿಟ್ಟು, ಬೊಗಳುವ ಒಂದು ಬೊಂಬೆ ನಾಯಿಯನ್ನು ಮುದ್ದು ಮಾಡಿದರು. ಪುಸ್ತಕ ಓದುತ್ತ ಕೂತಾಗ ಅಷ್ಟಾಗಿ ತಲೆ ಕೆಡಿಸಿಕೊಳ್ಳದ ನಾಯಿಗಳು, ಬೊಂಬೆಯನ್ನು ಮುದ್ದಾಡುವಾಗ ನಡುವೆ ನುಗ್ಗಿದವು, ಯಜಮಾನರನ್ನು ಮೂತಿಯಿಂದ ತಳ್ಳಿದವು, ಕೆಲವು ಬೊಂಬೆಗೆ ಬಾಯಿ ಹಾಕಿದವು. ನಮ್ಮ ಗಮನ ಎಲ್ಲಿ ಹೋಗುತ್ತಿದೆ ಎನ್ನುವುದನ್ನು ನಾಯಿ ನೋಡುತ್ತಿರುತ್ತದೆ, ಅಷ್ಟು ಖಂಡಿತ.

ಆದರೆ ನನ್ನ ಬಳಿ ಬರುವ ಮನೆಗಳಲ್ಲಿ ಹೊಟ್ಟೆಕಿಚ್ಚಿಗಿಂತ ಜಾಸ್ತಿ ಕಾಣುವುದು ಬೇರೆ. ನಾಯಿಯ ದಿನ ಹಾಳಾಗಿರುತ್ತದೆ. ಬಾಣಂತನದ ಮನೆ ಹೇಗಿರುತ್ತದೆ ನಿಮಗೇ ಗೊತ್ತು. ಬೆಳಗಾಗುವ ಮುಂಚೆ ನೀರು ಕಾಯಿಸಲು ಎದ್ದಿರುತ್ತೀರಿ. ನೋಡಲು ಬರುವವರು ಒಬ್ಬರ ಹಿಂದೆ ಒಬ್ಬರು. ಕೋಣೆಯ ಬಾಗಿಲು ಯಾವಾಗಲೂ ಮುಚ್ಚಿರುತ್ತದೆ. ನಾಯಿಯ ವಾಕಿಂಗ್ ಒಂದು ದಿನ ತಪ್ಪುತ್ತದೆ, ಆಮೇಲೆ ನಿಂತೇ ಹೋಗುತ್ತದೆ. ಊಟ ಹೊತ್ತಲ್ಲದ ಹೊತ್ತಿಗೆ ಬರುತ್ತದೆ. ದಿನಕ್ಕೆ ಹನ್ನೆರಡು ಗಂಟೆಯಾದರೂ ನಿದ್ದೆ ಬೇಕಾದ ಪ್ರಾಣಿಗೆ ಮಧ್ಯಾಹ್ನದ ನಿದ್ದೆಯೂ ಇಲ್ಲ. ಹತ್ತಿರ ಬಂದರೆ ‘ಏಯ್, ಆಚೆ ಹೋಗು’. ಇದೆಲ್ಲ ಯಾವತ್ತು ಶುರುವಾಯಿತು? ಮಗು ಬಂದ ದಿನ. ಕರಿಯ ಏನು ತಿಳಿಯಬೇಕು?

ಅದಕ್ಕೆ ನಾನು ಹೇಳುವುದು: ಏನೇನು ಬದಲಾಗಲಿದೆಯೋ ಅದನ್ನೆಲ್ಲ ಈಗಲೇ ಬದಲಾಯಿಸಿ. ಮಗು ಬರುವ ಹೊತ್ತಿಗೆ ಆ ಬದಲಾವಣೆಗಳು ಅವನಿಗೆ ಹಳೆಯದಾಗಿರಬೇಕು. ಅವನು ರಾತ್ರಿ ನಿಮ್ಮ ಮಂಚದ ಪಕ್ಕ ಮಲಗುತ್ತಿದ್ದು, ಮುಂದೆ ಹಾಲಿನಲ್ಲಿ ಮಲಗಬೇಕಾದರೆ, ಇವತ್ತು ರಾತ್ರಿಯಿಂದಲೇ ಹಾಸಿಗೆ ಹಾಲಿಗೆ ಬರಲಿ. ಊಟ ಹಾಕುವವರು ಬದಲಾಗುವುದಾದರೆ ಈಗಲೇ ಬದಲಾಗಲಿ. ಬಾಣಂತಿ ಕೋಣೆಗೆ ಅವನಿಗೆ ಪ್ರವೇಶ ಇಲ್ಲ ಎನ್ನುವುದು ಈಗಲೇ ಜಾರಿಗೆ ಬರಲಿ.

ಯಜಮಾನರು ಮಾತಾಡುತ್ತಿಲ್ಲ ಎಂದಿರಿ. ಅವರಿಗೆ ಒಂದು ಕೆಲಸ ಕೊಡಿ. ಬಾಣಂತನದಲ್ಲಿ ನಿಮಗೂ ಮಗಳಿಗೂ ಪುರುಸೊತ್ತು ಇರುವುದಿಲ್ಲ, ಆದ್ದರಿಂದ ಮುಂದಿನ ಐದಾರು ತಿಂಗಳು ಕರಿಯ ಅವರ ಜವಾಬ್ದಾರಿ. ಬೆಳಿಗ್ಗೆ ಅರ್ಧ ಗಂಟೆ, ಸಂಜೆ ಅರ್ಧ ಗಂಟೆ ಹೊರಗೆ ಕರೆದುಕೊಂಡು ಹೋಗುವುದು ಮತ್ತು ಎರಡು ಹೊತ್ತಿನ ಊಟ. ಮಳೆ ಬರಲಿ, ನೆಂಟರು ಬರಲಿ, ಇದು ತಪ್ಪಬಾರದು. ವಾಸನೆ ನೋಡಿಕೊಂಡು, ಕಂಬ ಕಂಬಕ್ಕೂ ನಿಂತು ಬಂದ ನಾಯಿ ಮನೆಗೆ ಬಂದು ಮಲಗುತ್ತದೆ. ಮಲಗಿದ ನಾಯಿಯಿಂದ ತೊಂದರೆ ಕಡಿಮೆ.

ಮುಂದಿನ ವಾರ ಮಗಳು ಬಂದಾಗ ಕರಿಯ ಹುಚ್ಚು ಖುಷಿಯಲ್ಲಿ ಹಾರುತ್ತಾನೆ. ಬಸುರಿಯ ಹೊಟ್ಟೆಯ ಮೇಲೆ ಹಾರಬಾರದಲ್ಲ. ಅವಳು ಮೊದಲು ಅಂಗಳದಲ್ಲಿ ಕುರ್ಚಿ ಹಾಕಿಕೊಂಡು ಕೂರಲಿ. ಯಜಮಾನರು ಬೆಲ್ಟ್ ಹಿಡಿದು ಕರಿಯನನ್ನು ತರಲಿ. ನಾಲ್ಕು ಕಾಲೂ ನೆಲದ ಮೇಲಿದ್ದಾಗ ಅವಳು ಮಾತಾಡಿಸಲಿ, ತಲೆ ಸವರಲಿ. ಹಾರಿದ ಕೂಡಲೇ ಕೈ ಹಿಂದಕ್ಕೆ, ಮುಖ ಪಕ್ಕಕ್ಕೆ. ಎರಡು ಮೂರು ದಿನ ಎಲ್ಲರೂ ಹೀಗೇ ಮಾಡಿದರೆ ಹಾರುವುದು ಕಡಿಮೆಯಾಗುತ್ತಾ ಬರುತ್ತದೆ.

ಮಗಳಿಗೆ ಇನ್ನೊಂದು ಮಾತು ಹೇಳಬೇಕು, ಅವಳಿಗೆ ಬೇಜಾರಾದರೂ. ಎರಡು ವರ್ಷ ಬಿಟ್ಟಿದ್ದ ಪ್ರೀತಿಯನ್ನೆಲ್ಲ ಈ ಎರಡು ತಿಂಗಳಲ್ಲಿ ಸುರಿದುಬಿಡುವ ಆಸೆ ಆಗುತ್ತದೆ. ಇಡೀ ದಿನ ಪಕ್ಕದಲ್ಲಿ ಕೂರಿಸಿಕೊಂಡು, ತಟ್ಟೆಯಿಂದ ತುತ್ತು ಕೊಟ್ಟು, ಮಂಚಕ್ಕೆ ಹತ್ತಿಸಿಕೊಂಡು, ಹೆರಿಗೆಯಾದ ಮರುದಿನದಿಂದ ಏನೂ ಇಲ್ಲ ಎಂದರೆ ಆ ಹೊಡೆತ ಕರಿಯನಿಗೆ ದೊಡ್ಡದು. ಬಾಣಂತಿಯಾಗಿಯೂ ಕೊಡಲು ಸಾಧ್ಯವಾಗುವಷ್ಟನ್ನು ಮಾತ್ರ ಈಗ ಕೊಡಲಿ. ಬೆಳಿಗ್ಗೆ ಹದಿನೈದು ನಿಮಿಷ, ಸಂಜೆ ಹದಿನೈದು ನಿಮಿಷ, ಅದೇ ಜಾಗ, ಅದೇ ಹೊತ್ತು. ಆಮೇಲೂ ಅದನ್ನು ಉಳಿಸಿಕೊಳ್ಳಬಹುದು.

ಈ ಎರಡು ತಿಂಗಳಲ್ಲಿ ಕಲಿಸಬೇಕಾದದ್ದು ಹೆಚ್ಚೇನಿಲ್ಲ, ಒಂದು ಚಾಪೆ. ಹಳೆಯ ಕಂಬಳಿಯೋ ಗೋಣಿಯೋ ಆದೀತು. ಅದನ್ನು ಹಾಲಿನ ಮೂಲೆಯಲ್ಲಿ, ಬಾಣಂತಿ ಕೋಣೆಯ ಬಾಗಿಲು ಕಾಣುವ ಹಾಗೆ, ಆದರೆ ಓಡಾಟದ ದಾರಿಗೆ ಅಡ್ಡ ಬಾರದ ಹಾಗೆ ಹಾಕಿ. ಕರಿಯ ಅದರ ಮೇಲೆ ಕಾಲಿಟ್ಟರೆ ಒಂದು ಚೂರು ಬೇಯಿಸಿದ ಮೊಟ್ಟೆ ಅಥವಾ ಕೋಳಿ. ಸಸ್ಯಾಹಾರಿಗಳ ಮನೆಯಾದರೆ ಪನೀರ್ ಆಗುತ್ತದೆ, ಚಪಾತಿ ಚೂರೂ ಆಗುತ್ತದೆ. ಕೂತರೆ ಇನ್ನೊಂದು ಚೂರು, ಮಲಗಿದರೆ ಮತ್ತೊಂದು. ತಿಂಡಿಯನ್ನು ಕೈಯಿಂದ ತೋರಿಸಿ ಕರೆಯಬೇಡಿ, ಚಾಪೆಯ ಮೇಲೇ ಇಡಿ. ಒಂದು ವಾರದಲ್ಲಿ ಅವನಾಗಿಯೇ ಹೋಗಿ ಕೂರಲು ಶುರು ಮಾಡುತ್ತಾನೆ. ಆಗ ‘ಚಾಪೆ’ ಎಂಬ ಮಾತನ್ನು ಸೇರಿಸಿ. ಚಾಪೆಯ ಮೇಲಿರುವಾಗ ಅವನನ್ನು ಯಾರೂ ಎಬ್ಬಿಸಬಾರದು, ಮುಟ್ಟಬಾರದು, ಗದರಬಾರದು. ಆ ಜಾಗ ಅವನಿಗೆ ನೆಮ್ಮದಿಯ ಜಾಗ ಆಗಬೇಕು. ಶಿಕ್ಷೆಗೆ ಅಲ್ಲಿಗೆ ಕಳಿಸಿದರೆ ಎಲ್ಲ ಕೆಟ್ಟಿತು.

ಬಾಗಿಲಿಗೆ ಜಾಲರಿ ಹಾಕಿಸಿ ಎಂದೆನಲ್ಲ, ಅದು ಸೊಳ್ಳೆ ಪರದೆಯ ನೈಲಾನ್ ಆದರೆ ಸಾಲದು, ಉಗುರಿಗೆ ಹರಿಯುತ್ತದೆ. ಸ್ಟೀಲ್ ಜಾಲರಿ, ಗಟ್ಟಿ ಚೌಕಟ್ಟು, ದೊಡ್ಡವರ ಎತ್ತರದಲ್ಲಿ ಚಿಲಕ. ಮರದ ಬಾಗಿಲು ಮುಚ್ಚಿದರೆ ಒಳಗಿನಿಂದ ಅಳು ಮಾತ್ರ ಕೇಳುತ್ತದೆ, ಏನಾಗುತ್ತಿದೆ ಎಂದು ತಿಳಿಯದೆ ನಾಯಿ ಬಾಗಿಲು ಕೆರೆಯುತ್ತದೆ. ಜಾಲರಿಯಲ್ಲಿ ಕಾಣುತ್ತದೆ, ವಾಸನೆ ಬರುತ್ತದೆ, ಒಳಗೆ ಹೋಗಲು ಮಾತ್ರ ಆಗುವುದಿಲ್ಲ. ಬಾಣಂತನದ ಮನೆಗೆ ನಾಯಿ ಇರುವವರು ಒಂದೇ ಒಂದು ಖರ್ಚು ಮಾಡುವುದಾದರೆ ಇದನ್ನು ಮಾಡಿ ಎಂದು ನಾನು ಹೇಳುತ್ತೇನೆ.

ಮಗುವಿನ ಅಳುವಿಗೆ ಎದ್ದು ಓಡಾಡುತ್ತಾನೆ ಎಂದಿರಿ. ರಷ್ಯಾದ ಪಾವ್ಲೋವ್ ನಾಯಿಗಳಿಗೆ ಊಟದ ಮುಂಚೆ ಒಂದು ಸದ್ದು ಕೇಳಿಸುತ್ತಾ ಹೋಗಿ, ಕೊನೆಗೆ ಬರೀ ಸದ್ದಿಗೇ ಜೊಲ್ಲು ಸುರಿಯುವಂತೆ ಮಾಡಿದ್ದು ಶಾಲೆಯಲ್ಲಿ ಓದಿರುತ್ತೀರಿ. ನೀವು ಮಾಡಬೇಕಾದದ್ದೂ ಅದೇ. ಮೊಬೈಲಿನಲ್ಲಿ ಹಸುಗೂಸು ಅಳುವ ಸದ್ದನ್ನು ಹುಡುಕಿ, ಕೇಳಿಸಿಯೂ ಕೇಳಿಸದ ಹಾಗೆ ಸಣ್ಣಗೆ ಹಾಕಿ. ಸದ್ದು ಬಂತು, ಮೊಟ್ಟೆ ಚೂರು ಬಿತ್ತು. ಸದ್ದು ನಿಂತಿತು, ಮೊಟ್ಟೆಯೂ ನಿಂತಿತು. ದಿನಕ್ಕೆ ಐದು ನಿಮಿಷ ಸಾಕು. ಅವನು ಸದ್ದು ಕೇಳಿ ನಿಮ್ಮ ಮುಖ ನೋಡಿದರೆ ಕೆಲಸ ಆಗುತ್ತಿದೆ ಎಂದರ್ಥ, ಸ್ವಲ್ಪ ಜೋರು ಮಾಡಿ. ಎದ್ದು ಓಡಾಡಿದರೆ ನೀವು ಆತುರ ಮಾಡಿದ್ದೀರಿ, ಮತ್ತೆ ಕಡಿಮೆ ಮಾಡಿ. ಸಾಂಬ್ರಾಣಿ, ಮಗುವಿನ ಪೌಡರ್, ಎಣ್ಣೆ, ಬಜೆ, ಇವುಗಳ ವಾಸನೆಯೂ ಒಂದೊಂದಾಗಿ ಈಗಲೇ ಮನೆಯಲ್ಲಿ ಸುಳಿಯಲಿ. ತೊಟ್ಟಿಲನ್ನು ಅಟ್ಟದಿಂದ ಇಳಿಸಿ ಕಟ್ಟಿಬಿಡಿ. ತೂಗಾಡುವ ವಸ್ತು ಕಂಡರೆ ಕೆಲವು ನಾಯಿಗಳು ಬೆಚ್ಚುತ್ತವೆ, ಕೆಲವು ಆಟಕ್ಕೆ ಹೋಗುತ್ತವೆ. ಖಾಲಿ ತೊಟ್ಟಿಲು ತೂಗುವುದನ್ನು ನೋಡಿ ನೋಡಿ ಅವನಿಗೆ ಬೇಸರ ಬರಲಿ.

ಅಳಿಯಂದಿರ ವಿಷಯ. ಅವರು ಬಂದಾಗಲೆಲ್ಲ ಹಿತ್ತಲಲ್ಲಿ ಕಟ್ಟಿದರೆ, ‘ಇವರು ಬಂದರೆ ನನಗೆ ಶಿಕ್ಷೆ’ ಎಂದು ಕರಿಯ ಕಲಿಯುತ್ತಾನೆ, ಮುಂದಿನ ಸಲ ಇನ್ನೂ ಜೋರಾಗಿ ಬೊಗಳುತ್ತಾನೆ. ಇನ್ನು ಮುಂದೆ ಭೇಟಿ ಮನೆಯೊಳಗೆ ಬೇಡ, ರಸ್ತೆಯಲ್ಲಿ ಆಗಲಿ. ಯಜಮಾನರು ನಾಯಿಯನ್ನು ಹಿಡಿದುಕೊಂಡು ನಡೆಯಲಿ, ಅಳಿಯಂದಿರು ಹತ್ತು ಅಡಿ ದೂರದಲ್ಲಿ ಅದೇ ದಿಕ್ಕಿಗೆ ನಡೆಯಲಿ. ನಾಯಿಯ ಕಣ್ಣನ್ನು ದಿಟ್ಟಿಸಬಾರದು, ಬಗ್ಗಿ ತಲೆ ಮುಟ್ಟಲು ಹೋಗಬಾರದು, ‘ಬಾ ಬಾ’ ಎನ್ನಲೂ ಬಾರದು. ಸುಮ್ನೆ ಆಗಾಗ ಒಂದು ತಿಂಡಿ ಚೂರನ್ನು ಕರಿಯನ ಹಿಂದಕ್ಕೆ ಬೀಳುವ ಹಾಗೆ ಎಸೆಯಲಿ. ಹಿಂದಕ್ಕೆ ಏಕೆಂದರೆ, ತಿಂಡಿಯ ಆಸೆಗೆ ಹತ್ತಿರ ಬಂದ ಹೆದರಿದ ನಾಯಿಗೆ ತಿಂದು ಮುಗಿದ ಕ್ಷಣ ‘ಅಯ್ಯೋ, ಇಷ್ಟು ಹತ್ತಿರ ಬಂದುಬಿಟ್ಟೆನಲ್ಲ’ ಎಂದು ದಿಗಿಲಾಗುತ್ತದೆ. ಹಿಂದಕ್ಕೆ ಎಸೆದರೆ ದೂರವೂ ಸಿಗುತ್ತದೆ, ತಿಂಡಿಯೂ ಸಿಗುತ್ತದೆ. ಆಮೇಲೆ ಅವನಾಗಿಯೇ ಮೂಸಲು ಬರುತ್ತಾನೆ. ಮಗುವಿಗೆ ನೀರೆರೆಯಲು ಬರುವ ಅಜ್ಜಿಯನ್ನು ಗೊತ್ತು ಮಾಡಿದ್ದರೆ ಅವರನ್ನೂ ಈಗಲೇ ನಾಲ್ಕೈದು ಸಲ ಕರೆಸಿ, ಇದೇ ರೀತಿ ಪರಿಚಯ ಮಾಡಿಸಿ. ಹೊಸಬರೂ ಮಗುವೂ ಒಂದೇ ವಾರದಲ್ಲಿ ಬಂದರೆ ಅವನಿಗೆ ಭಾರ.

ಹೆರಿಗೆಯಾದ ಮೇಲೆ ಆಸ್ಪತ್ರೆಯಿಂದ ಮಗುವಿಗೆ ಸುತ್ತಿದ್ದ ಒಂದು ಬಟ್ಟೆಯನ್ನು ತನ್ನಿ. ಮೂಗಿಗೆ ಹಿಡಿಯಬೇಡಿ. ಕೈಯಲ್ಲಿಟ್ಟುಕೊಂಡು ಕೂತುಕೊಳ್ಳಿ, ಅವನೇ ಬಂದು ಮೂಸಲಿ, ಮೂಸಿದರೆ ತಿಂಡಿ. ಬಟ್ಟೆಯನ್ನು ಅವನಿಗೆ ಕಚ್ಚಿ ಆಡಲು ಕೊಡಬೇಡಿ.

ಮನೆಗೆ ಬರುವ ದಿನ ಬಾಗಿಲಲ್ಲಿ ಆರತಿ, ದೃಷ್ಟಿ ತೆಗೆಯುವುದು, ಜನ, ಫೋಟೊ ಎಲ್ಲ ಇರುತ್ತದೆ. ಆ ಹೊತ್ತಿಗೆ ಕರಿಯ ಮನೆಯಲ್ಲಿ ಇರಬಾರದು. ಯಜಮಾನರ ಜೊತೆ ದೂರದ ವಾಕಿಂಗ್‌ಗೆ ಹೋಗಿರಲಿ. ಎಲ್ಲರೂ ಒಳಗೆ ಹೋಗಿ ಗಲಾಟೆ ಅಡಗಿದ ಮೇಲೆ ಬರಲಿ. ಮೊದಲು ಮಗಳು ಒಬ್ಬಳೇ, ಕೈಯಲ್ಲಿ ಮಗು ಇಲ್ಲದೆ, ಅವನನ್ನು ಮಾತಾಡಿಸಲಿ. ಆಸ್ಪತ್ರೆಯ ವಾಸನೆ ಹೊತ್ತು ಬಂದಿರುತ್ತಾಳೆ, ಅವನು ತುಂಬಾ ಹೊತ್ತು ಮೂಸುತ್ತಾನೆ, ಬಿಡಿ. ಮಗುವನ್ನು ಅವತ್ತೇ ತೋರಿಸುವ ಅಗತ್ಯವಿಲ್ಲ. ತೋರಿಸುವ ದಿನ, ಜಾಲರಿಯ ಆಚೆ ಮಗು ಮಗಳ ತೊಡೆಯ ಮೇಲೆ, ಈಚೆ ಚಾಪೆಯ ಮೇಲೆ ಕರಿಯ, ನಡುವೆ ಎಂಟು ಹತ್ತು ಅಡಿ. ಎರಡು ನಿಮಿಷ ಆಯಿತೆಂದರೆ ಮುಗಿಸಿ. ಮೂತಿಯ ಹತ್ತಿರ ಮಗುವನ್ನು ಹಿಡಿದು ‘ನೋಡು, ಪಾಪು’ ಎನ್ನುವವರು ಯಾರಾದರೂ ಒಬ್ಬರು ಇದ್ದೇ ಇರುತ್ತಾರೆ. ಅವರಿಗೆ ಮೊದಲೇ ಹೇಳಿಡಿ.

ಇನ್ನು ಮುಂದಿನ ಮೂರು ತಿಂಗಳು ನಡೆಸಬೇಕಾದ ನಿಯಮ ಒಂದೇ. ಮಗು ಎದುರಿಗಿದ್ದಾಗ ಕರಿಯನಿಗೆ ಒಳ್ಳೆಯದು ಆಗಬೇಕು. ಎಲ್ಲರ ಮನೆಯಲ್ಲೂ ಉಲ್ಟಾ ನಡೆಯುತ್ತದೆ. ಮಗು ಎಚ್ಚರವಿದ್ದಾಗ ನಾಯಿಯನ್ನು ಹೊರಗೆ ಕಟ್ಟುತ್ತಾರೆ. ಮಗು ಮಲಗಿದ ಮೇಲೆ ಪಾಪ ಅನ್ನಿಸಿ ಬಿಚ್ಚಿ, ಮುದ್ದು ಮಾಡಿ, ಬಿಸ್ಕೆಟ್ ಕೊಡುತ್ತಾರೆ. ನಾಯಿ ಲೆಕ್ಕ ಹಾಕುತ್ತದೆ: ಇದು ಇದ್ದರೆ ನನಗೆ ಏನೂ ಇಲ್ಲ, ಇದು ಇಲ್ಲದಿದ್ದರೆ ಎಲ್ಲ ಇದೆ. ನೀವು ತಿರುಗಿಸಿ. ಮಗುವಿಗೆ ಹಾಲು ಕುಡಿಸುವ ಹೊತ್ತಿಗೆ ಕರಿಯನಿಗೆ ಚಾಪೆಯ ಮೇಲೆ ಏನಾದರೂ ನೆಕ್ಕಲು ಕೊಡಿ, ತಟ್ಟೆಗೆ ತೆಳ್ಳಗೆ ಸವರಿದ ಮೊಸರು ಸಾಕು. ಮಗು ಅತ್ತರೆ ಒಂದು ಚೂರು ಮೊಟ್ಟೆ. ಮಗು ಮಲಗಿದಾಗ ಅವನೂ ಮಲಗಲಿ.

ಮಗುವಿನ ಸ್ನಾನದ ಹೊತ್ತು ಇದಕ್ಕೆ ಒಳ್ಳೆಯ ಪರೀಕ್ಷೆ. ಅಜ್ಜಿ ಕಾಲು ಚಾಚಿ ಕೂತು, ಮೊಣಕಾಲ ಮೇಲೆ ಮಗುವನ್ನು ಮಲಗಿಸಿ, ಎಣ್ಣೆ ತಿಕ್ಕಿ ಬಿಸಿನೀರು ಹೊಯ್ಯುತ್ತಾರೆ. ಮಗು ಕಿರುಚುತ್ತದೆ. ಅಂಥ ಹೊತ್ತಿನಲ್ಲಿ ಒಂದು ಮನೆಯಲ್ಲಿ ನಾನು ನಾಯಿಯ ಪಕ್ಕ ಕೂತಿದ್ದೆ. ಮೊದಲ ಕಿರುಚಿಗೆ ಅದರ ಕಿವಿ ಹಿಂದಕ್ಕೆ ಹೋಯಿತು. ಮೂಗಿನ ತುದಿಯನ್ನು ಒಮ್ಮೆ ನೆಕ್ಕಿಕೊಂಡಿತು. ಮುಖ ತಿರುಗಿಸಿ ಗೋಡೆ ನೋಡಿತು, ಆದರೆ ಕಣ್ಣು ಮಾತ್ರ ಬಚ್ಚಲ ಕಡೆಗೇ ಇತ್ತು, ಕಣ್ಣಿನ ಬಿಳಿ ಭಾಗ ಅರ್ಧಚಂದ್ರದ ಹಾಗೆ ಕಾಣುತ್ತಿತ್ತು. ನಿದ್ದೆ ಇಲ್ಲದೆಯೂ ದೊಡ್ಡದಾಗಿ ಆಕಳಿಸಿತು. ಮನೆಯವರು ‘ನೋಡಿ, ಎಷ್ಟು ಸುಮ್ಮನೆ ಕೂತಿದೆ’ ಎಂದರು. ಆ ನಾಯಿ ಸುಮ್ಮನಿರಲಿಲ್ಲ. ‘ನನಗೆ ಇದು ಆಗುತ್ತಿಲ್ಲ’ ಎಂದು ನಾಲ್ಕು ರೀತಿಯಲ್ಲಿ ಹೇಳಿ ಆಗಿತ್ತು. ಅದನ್ನು ಎಬ್ಬಿಸಿ ಅಂಗಳಕ್ಕೆ ಕರೆದುಕೊಂಡು ಹೋದೆವು. ಮರುದಿನದಿಂದ ಸ್ನಾನದ ಹೊತ್ತಿಗೆ ವಾಕಿಂಗ್ ಇಟ್ಟುಕೊಂಡರು. ಎಲ್ಲವನ್ನೂ ನಾಯಿ ಸಹಿಸಲೇಬೇಕು ಅಂತೇನಿಲ್ಲ, ಅಲ್ವಾ?

ಈ ಚಿಹ್ನೆಗಳನ್ನು ಮನೆಯವರೆಲ್ಲ ಕಲಿತುಕೊಳ್ಳಿ. ಇವನ್ನು ಯಾರೂ ಗಮನಿಸದಿದ್ದಾಗ ನಾಯಿ ಗುರ್ ಎನ್ನುತ್ತದೆ. ಗುರ್ ಎಂದರೆ ದಯವಿಟ್ಟು ಹೊಡೆಯಬೇಡಿ, ಬೈಯಬೇಡಿ. ಮಗುವನ್ನು ದೂರ ಒಯ್ಯಿರಿ, ನಾಯಿಯನ್ನು ಸಮಾಧಾನವಾಗಿ ಬೇರೆ ಕಡೆ ಕರೆಯಿರಿ, ಏಕೆ ಹಾಗೆ ಆಯಿತೆಂದು ಆಮೇಲೆ ಯೋಚಿಸಿ. ಗುರ್ ಎಂದಿದ್ದಕ್ಕೆ ಪೆಟ್ಟು ತಿಂದ ನಾಯಿ ಮುಂದಿನ ಸಲ ಗುರ್ ಎನ್ನುವುದನ್ನು ಬಿಡುತ್ತದೆ. ಒಳಗಿನ ಭಯ ಹಾಗೇ ಇರುತ್ತದೆ. ‘ಏನೂ ಸದ್ದು ಮಾಡದೆ ಕಚ್ಚಿಬಿಡ್ತು ಡಾಕ್ಟ್ರೇ’ ಎಂದು ಬರುವ ಮನೆಗಳಲ್ಲಿ ವಿಚಾರಿಸಿದರೆ ಬಹಳ ಸಲ ಇದೇ ಕಥೆ ಇರುತ್ತದೆ.

ಗುರ್ ಎನ್ನುವ ನಾಯಿಗಿಂತ ನನಗೆ ಹೆಚ್ಚು ಆತಂಕ ತರುವುದು ಇನ್ನೊಂದು ಬಗೆಯದು. ಮಗು ಅತ್ತಾಗ ಅಥವಾ ಕೈಕಾಲು ಆಡಿಸಿದಾಗ ನಾಯಿ ಮೈ ಬಿಗಿ ಹಿಡಿದು, ಬಾಯಿ ಮುಚ್ಚಿ, ರೆಪ್ಪೆ ಮಿಟುಕಿಸದೆ ನೋಡುತ್ತ ನಿಲ್ಲುತ್ತದೆ. ಹೆಸರು ಕರೆದರೂ ತಿರುಗುವುದಿಲ್ಲ, ಮೊಟ್ಟೆ ಕೊಟ್ಟರೂ ತಿನ್ನುವುದಿಲ್ಲ. ಕೋಳಿ, ಇಲಿ, ಬೆಕ್ಕಿನ ಮರಿಯನ್ನು ಹೊಂಚು ಹಾಕುವ ನೋಟ ಅದು. ಕರಿಯ ಹಿಂದೆ ಕೋಳಿಯನ್ನೋ ಬೆಕ್ಕಿನ ಮರಿಯನ್ನೋ ಹಿಡಿದು ಕೊಂದಿದ್ದರೆ ನನಗೆ ಅದು ಮೊದಲೇ ಗೊತ್ತಾಗಬೇಕು. ಈ ನೋಟ ಕಂಡರೆ ಮನೆಮದ್ದು ಬೇಡ. ಜಾಲರಿ ಬಾಗಿಲ ಜೊತೆ ಮರದ ಬಾಗಿಲೂ ಮುಚ್ಚಿರಲಿ, ನಾಯಿಗೆ ಮನೆಯೊಳಗೂ ಬೆಲ್ಟ್ ಇರಲಿ, ತಡಮಾಡದೆ ಪಶುವೈದ್ಯರಿಗೆ ತೋರಿಸಿ. ನಿಮಗೆ ಶಿವಮೊಗ್ಗದ ಪಶುವೈದ್ಯಕೀಯ ಕಾಲೇಜು ಹತ್ತಿರ. ಆ ನೋಟದ ಒಂದು ಚಿಕ್ಕ ವಿಡಿಯೊ ತೆಗೆದುಕೊಂಡು ಹೋದರೆ ವೈದ್ಯರಿಗೆ ಅರ್ಧ ಕೆಲಸ ಸುಲಭ. ಕೆಲವು ನಾಯಿಗಳಿಗೆ ಸ್ವಲ್ಪ ಕಾಲ ಔಷಧವೂ ಬೇಕಾಗಬಹುದು. ಇನ್ನು ಕೆಲವು ನಾಯಿಗಳನ್ನು ಆ ಮೂರು ತಿಂಗಳು ನಂಬಿಕೆಯ ನೆಂಟರ ಮನೆಯಲ್ಲಿ ಇಡುವುದೇ ಸರಿ ಎಂದು ನಾನೇ ಹೇಳಿದ್ದೇನೆ. ಅದು ಬಿಟ್ಟುಬರುವುದಲ್ಲ.

ಏನೇ ಚೆನ್ನಾಗಿ ನಡೆಯುತ್ತಿದ್ದರೂ ಮಗುವನ್ನೂ ನಾಯಿಯನ್ನೂ ಇಬ್ಬರನ್ನೇ ಬಿಡಬಾರದು. ಒಲೆ ಆರಿಸಿ ಬರುತ್ತೇನೆ, ಬಾಗಿಲಲ್ಲಿ ಯಾರೋ ಬಂದರು, ಇಷ್ಟು ಹೊತ್ತೂ ಬಿಡಬಾರದು. ನೋಡಿಕೊಳ್ಳುತ್ತೇನೆ ಎಂದವರು ಮೊಬೈಲ್ ನೋಡುತ್ತ ಕೂತಿದ್ದರೆ ಅದು ನೋಡಿಕೊಂಡ ಹಾಗಲ್ಲ. ಮಗುವಿನ ಮುಖ, ಕೈ ನೆಕ್ಕಲು ಬಿಡಬೇಡಿ. ಹೊಕ್ಕುಳ ಬಳ್ಳಿ ಒಣಗಿ ಬಿದ್ದು ಪೂರ್ತಿ ಮಾಯುವವರೆಗೆ ಅದು ಹಸಿ ಗಾಯ ಎಂದೇ ತಿಳಿಯಿರಿ. ಹಲ್ಲು, ಉಗುರು ತಾಗಿ ಗೀರಿದರೆ ಅರಿಶಿನ, ಸುಣ್ಣ ಏನೂ ಹಚ್ಚಬೇಡಿ. ಹರಿಯುವ ನೀರು ಮತ್ತು ಸೋಪಿನಿಂದ 15 ನಿಮಿಷ ತೊಳೆದು ಅವತ್ತೇ ಆಸ್ಪತ್ರೆಗೆ ಹೋಗಿ. ನಾಯಿಗೆ ಲಸಿಕೆ ಆಗಿದ್ದರೂ ಹೋಗಿ. ರೇಬಿಸ್ ಲಕ್ಷಣ ಒಮ್ಮೆ ಕಾಣಿಸಿಕೊಂಡರೆ ಉಳಿಸುವುದು ಅಸಾಧ್ಯ ಎನ್ನುವಷ್ಟು ಕಷ್ಟ.

ಬಾಣಂತನದ ಅಡುಗೆಮನೆಯಿಂದ ಕರಿಯನಿಗೂ ಅಪಾಯವಿದೆ, ಇದನ್ನು ಯಾರೂ ಯೋಚಿಸುವುದಿಲ್ಲ. ಅಂಟಿನುಂಡೆಗೆ ಹಾಕುವ ಒಣದ್ರಾಕ್ಷಿ ನಾಯಿಗೆ ವಿಷ, ಸ್ವಲ್ಪ ತಿಂದರೂ ಕಿಡ್ನಿ ಕೈಕೊಡಬಹುದು. ಬಾಣಂತಿಯ ಸಾರಿಗೆ ಕೈತುಂಬ ಹಾಕುವ ಬೆಳ್ಳುಳ್ಳಿ ನಾಯಿಯ ಕೆಂಪು ರಕ್ತಕಣಗಳನ್ನು ಒಡೆಯುತ್ತದೆ. ಮಿಕ್ಕಿದ ಬಾಣಂತಿ ಊಟವನ್ನು ಅವನ ತಟ್ಟೆಗೆ ಸುರಿಯಬೇಡಿ, ಅವನಿಗೆ ಬೇರೆ ಅನ್ನ ಇಡಿ. ಇನ್ನು ಡೈಪರ್. ಬಳಸಿದ ಡೈಪರ್ ಹರಿದು ತಿನ್ನುವ ನಾಯಿಗಳು ಬಹಳ. ಒಳಗಿನ ಪುಡಿ ನೀರು ಹೀರಿ ಉಬ್ಬಿ ಕರುಳಿಗೆ ಅಡ್ಡ ಕೂರಬಹುದು. ಕಾಲಲ್ಲಿ ಒತ್ತಿ ತೆರೆಯುವ, ಗಟ್ಟಿ ಮುಚ್ಚಳದ ಡಬ್ಬಿ ತನ್ನಿ.

ನಾಮಕರಣದ ದಿನ ಕರಿಯ ಜನರ ನಡುವೆ ಇರುವುದು ಬೇಡವೇ ಬೇಡ. ಅಷ್ಟು ದಿನದ ನಿದ್ದೆಗೇಡು, ಸದ್ದು, ಹೊಸ ಮುಖ ಎಲ್ಲ ಒಳಗೆ ಸೇರಿ ಸೇರಿ, ಒಲೆಯ ಮೇಲಿನ ಹಾಲಿನ ಹಾಗೆ, ನೋಡುತ್ತಿದ್ದಂತೆ ಉಕ್ಕಿಬಿಡುತ್ತದೆ. ಮಹಡಿಯ ಕೋಣೆ ಇದ್ದರೆ ಫ್ಯಾನು, ನೀರು, ಚಾಪೆ ಇಟ್ಟು ಬಾಗಿಲಿಗೆ ಬೀಗ ಹಾಕಿ. ಚಿಲಕ ಸಾಲದು, ಬಂದ ಮಕ್ಕಳು ತೆಗೆಯುತ್ತಾರೆ.

ಬೆಕ್ಕು ಸಾಕಿರುವವರೂ ಇದನ್ನು ಓದುತ್ತಿರುತ್ತೀರಿ, ನಿಮಗೊಂದು ಮಾತು. ಬಸುರಿಯರು ಬೆಕ್ಕನ್ನು ಮುಟ್ಟಲೇಬಾರದು ಎಂದೇನಿಲ್ಲ. ಟಾಕ್ಸೊಪ್ಲಾಸ್ಮಾ ಎಂಬ ರೋಗಾಣು ಬೆಕ್ಕಿನ ಮಲದಲ್ಲಿ ಬರುತ್ತದೆ, ಆದರೆ ಅದು ಹೊರಬಿದ್ದ ಮೇಲೆ ಸೋಂಕು ಹರಡುವ ಸ್ಥಿತಿಗೆ ಬರಲು ಒಂದರಿಂದ ಐದು ದಿನ ಬೇಕು. ಮನೆಯ ಬೇರೆಯವರು ಬೆಕ್ಕಿನ ಮಲದ ಡಬ್ಬಿಯನ್ನು ದಿನವೂ ಚೊಕ್ಕಟ ಮಾಡಲಿ, ಬಸುರಿ ಬರಿಗೈಯಲ್ಲಿ ತೋಟದ ಮಣ್ಣು ಮುಟ್ಟದಿರಲಿ, ಮಾಂಸ ಚೆನ್ನಾಗಿ ಬೇಯಲಿ, ಸೊಪ್ಪು ತರಕಾರಿ ಚೆನ್ನಾಗಿ ತೊಳೆಯಲಿ. ಮಗು ಬಂದ ಮೇಲೆ ಬೆಚ್ಚಗಿನ ತೊಟ್ಟಿಲಿಗೆ ಬೆಕ್ಕು ಹತ್ತದಂತೆ ನೋಡಿಕೊಳ್ಳಿ.

ಮತ್ತೆ ಕರಿಯನಿಗೆ ಬರುತ್ತೇನೆ. ಮೂರನೇ ತಿಂಗಳಿಗೋ ಐದನೇ ತಿಂಗಳಿಗೋ ಮಗಳು ಮಗುವನ್ನು ಕರೆದುಕೊಂಡು ಗಂಡನ ಮನೆಗೆ ಹೋಗುತ್ತಾಳೆ. ಮನೆ ಒಮ್ಮೆಗೇ ಖಾಲಿ. ಒಂದೆರಡು ದಿನ ಅವನು ಜಾಲರಿ ಬಾಗಿಲ ಹತ್ತಿರ ಹೋಗಿ ಮಲಗಬಹುದು, ಊಟ ಬಿಡಬಹುದು. ವಾಕಿಂಗ್, ಊಟದ ಹೊತ್ತು ಮಾತ್ರ ಬದಲಿಸಬೇಡಿ. ಎರಡು ದಿನ ಕಳೆದೂ ಏನೂ ತಿನ್ನದಿದ್ದರೆ ವೈದ್ಯರಿಗೆ ತೋರಿಸಿ.

ನಿಜವಾದ ಪರೀಕ್ಷೆ ಆಮೇಲೆ ಬರುತ್ತದೆ. ಎಂಟೊಂಬತ್ತು ತಿಂಗಳಾದಾಗ ಮಗಳು ಹಬ್ಬಕ್ಕೋ ರಜೆಗೋ ಮತ್ತೆ ಬರುತ್ತಾಳೆ. ‘ಕರಿಯನಿಗೆ ಮಗು ಗೊತ್ತಲ್ಲ’ ಎಂದು ಎಲ್ಲರೂ ನಿಶ್ಚಿಂತರಾಗಿರುತ್ತೀರಿ. ಅವನಿಗೆ ಗೊತ್ತಿದ್ದದ್ದು ತೊಟ್ಟಿಲಲ್ಲಿ ಮಲಗಿರುತ್ತಿದ್ದ ಕೂಸು. ಈಗ ಬಂದಿರುವುದು ಅಂಬೆಗಾಲಿಟ್ಟು ನೇರ ಅವನ ಮುಖಕ್ಕೇ ಬರುವ, ಬಾಲ ಹಿಡಿದು ಏಳಲು ನೋಡುವ, ಅವನ ತಟ್ಟೆಗೆ ಕೈ ಹಾಕುವ ಜೀವ. ಅವನ ಮಟ್ಟಿಗೆ ಇದು ಬೇರೆಯೇ ಪ್ರಾಣಿ. ಅದಕ್ಕೇ ಜಾಲರಿ ಬಾಗಿಲನ್ನು ತೆಗೆಸಬೇಡಿ. ಅವರು ಬರುವ ಹತ್ತು ದಿನ ಮುಂಚೆ ಚಾಪೆಯ ಅಭ್ಯಾಸ ಮತ್ತೆ ಶುರು ಮಾಡಿ, ಲಸಿಕೆ ಮತ್ತು ಜಂತುಹುಳುವಿನ ಮಾತ್ರೆಯ ತಾರೀಕು ನೋಡಿಕೊಳ್ಳಿ. ಕರಿಯನ ಊಟ ಅಂಗಳದಲ್ಲಿ, ಮಗು ಒಳಗಿರುವಾಗ ಆಗಲಿ, ತಟ್ಟೆಯನ್ನು ಕೂಡಲೇ ಎತ್ತಿಡಿ. ಅವನು ಮಲಗಿದ್ದಾಗ ಮಗು ಅತ್ತ ಹರಿದರೆ ಮಗುವನ್ನೇ ಎತ್ತಿಕೊಳ್ಳಿ, ಅವನನ್ನು ಎಬ್ಬಿಸಬೇಡಿ. ಚಾಪೆಯ ಸುತ್ತ ಐದಾರು ಅಡಿ ಜಾಗ ಕರಿಯನದು, ಅಲ್ಲಿಗೆ ಮಗು ಹೋಗಬಾರದು ಎಂದು ಅಳಿಯಂದಿರಿಗೂ ಬೀಗರಿಗೂ ಅವರು ಬಂದ ದಿನವೇ ಹೇಳಿ.